ಏಳು ಸುತ್ತಿನ ತಾಟು

ಕರಜಗಿಯ ಸೂಲಗಿತ್ತಿ ಮೆಹಬೂಬಿಗೆ ರಾತ್ರಿ ಕನಸು ಬೀಳುತ್ತಿರಲಿಲ್ಲ. ರಾತ್ರಿ ಅವಳದು ಸತ್ತವರ ನಿದ್ದೆ. ಕನಸು ಬೀಳುತ್ತಿದ್ದದ್ದು ಹಾಡಹಗಲು, ರೊಟ್ಟಿ ಉಂಡು ಬೇವಿನ ಗಿಡದ ಬುಡಕ್ಕೆ ಚಾಪೆ ಹಾಸಿ ಒಂದು ಗಳಿಗೆ ಅಡ್ಡಾದಾಗ. ಅದೂ ಒಂದೇ ಕನಸು. ಹತ್ತೊಂಬತ್ತು ವರ್ಷದಿಂದ ಅದೇ.

ಕನಸಿನಲ್ಲಿ ಒಂದು ಕೋಟೆ. ಕೋಟೆ ಅಂದ ಕೂಡಲೇ ಬುರುಜು, ತೋಪು, ಆನೆ ಬಾಗಿಲು ಅಂತ ಹಿಗ್ಗಬೇಡಿ. ಕುರಿದೊಡ್ಡಿಗೆ ಹಾಕುವಂಥ ಒಣಗಲ್ಲಿನ ಗೋಡೆ, ಆಳೆತ್ತರ, ಬೂದಿ ಬಣ್ಣದ್ದು. ಗೋಡೆ ಗೋಡೆಗಳ ನಡುವೆ ಒಬ್ಬರು ಮೈ ಓರೆ ಮಾಡಿಕೊಂಡು ನಡೆಯುವಷ್ಟು ಓಣಿ. ನೆತ್ತಿಯ ಮೇಲೆ ಬಿಸಿಲು, ಎಲ್ಲೂ ಒಂದು ಅಂಗೈಯಷ್ಟು ನೆರಳಿಲ್ಲ. ದಾರಿ ತಪ್ಪುವ ಭಯವೇನೂ ಇರಲಿಲ್ಲ, ಇದ್ದದ್ದೇ ಒಂದು ದಾರಿ. ಆದರೆ ಅದು ಬಲು ಕಳ್ಳ ದಾರಿ. ಹೊಕ್ಕವಳನ್ನು ಮೊದಲು ಮೂರನೇ ಸುತ್ತಿಗೆ ಒಯ್ಯುತ್ತದೆ, ಅಲ್ಲಿಂದ ಹೊರಸುತ್ತಿಗೆ ಎಳೆಯುತ್ತದೆ, ಮತ್ತೆ ಒಳಗೆ ನುಗ್ಗಿಸಿ ಏಳನೇ ಸುತ್ತಿನಲ್ಲಿ, ನಟ್ಟನಡುವಿನ ಗೋಡೆಯ ಪಕ್ಕಕ್ಕೆ, ತಂದು ನಿಲ್ಲಿಸುತ್ತದೆ. ಆ ಗೋಡೆಯಾಚೆ ಬಳೆ ಸದ್ದಾಗುತ್ತದೆ.

“ಬಂದಿ ಏನ, ಮೆಹಬೂಬಿ?” ಆಚೆಯಿಂದ ಚಂದ್ರಾಬಾಯಿ ಕೇಳುತ್ತಾಳೆ.

“ಬಂದೆ ನಮ್ಮವ್ವ, ನಿಂದ್ರು.”

ಅಷ್ಟರಲ್ಲಿ ಓಣಿ ಬೆನ್ನು ತಿರುಗಿಸಿ ಆರನೇ ಸುತ್ತಿನ ಕಡೆ ಹೊರಕ್ಕೆ ಹೊರಡುತ್ತದೆ; ನಡುವಿನ ಬಾಗಿಲು ಇರುವುದು ಐದನೇ ಸುತ್ತಿಗೆ. ನಡುವನ್ನು ಮುಟ್ಟಬೇಕಾದರೆ ಮೊದಲು ನಡುವಿನಿಂದ ದೂರ ಹೋಗಬೇಕು, ಅದು ಆ ಕೋಟೆಯ ಕಾಯದೆ. ಆ ತಿರುವಿನಲ್ಲಿ ಮೆಹಬೂಬಿಗೆ ಎಚ್ಚರವಾಗುತ್ತದೆ. ಎದ್ದು ಕೂತು ಚಂಬಿನ ನೀರು ಕುಡಿಯುತ್ತಾಳೆ. ಗಿಡದ ಕಾಗೆ ಅವಳನ್ನೇ ನೋಡುತ್ತಿರುತ್ತದೆ.

ಈ ಕೋಟೆಯನ್ನು ಹುಡುಕಿಕೊಂಡು ನೀವು ಜತ್ತ ತಾಲೂಕೆಲ್ಲ ತಿರುಗಿದರೂ ಸಿಗದು. ಅದು ಇದ್ದದ್ದು ಒಂದು ಕಂಚಿನ ತಾಟಿನ ಮೇಲೆ, ಒದ್ದೆ ಬೂದಿಯಲ್ಲಿ. ಮೆಹಬೂಬಿಗೆ ಸೂಲಗಿತ್ತಿ ಕೆಲಸ ಕಲಿಸಿದವಳು ಹಾಲವ್ವ ಎಂಬ ಕುರುಬರ ಮುದುಕಿ. ಚೊಚ್ಚಲ ಬಸುರಿಗೆ ಬೇನೆ ಬಂದು ಬಂದು ನಿಂತರೆ, ಕೂಸು ಕೆಳಗಿಳಿಯದೆ ಹಟ ಹಿಡಿದರೆ, ಹಾಲವ್ವ ಒಲೆಯ ಬೂದಿ ಕಲಸಿ ತಾಟಿನ ಮೇಲೆ ಏಳು ಸುತ್ತಿನ ಕೋಟೆ ಬರೆಯುತ್ತಿದ್ದಳು. ಬಸುರಿಯ ತೋರುಬೆರಳನ್ನು ಕೋಟೆಯ ಬಾಗಿಲಲ್ಲಿಟ್ಟು, ಬೇನೆಗೊಂದು ಸುತ್ತಿನಂತೆ ನಡುವಿನ ತನಕ ನಡೆಸುತ್ತಿದ್ದಳು. ನಡು ಮುಟ್ಟಿದ ಮೇಲೆ ಅದೇ ದಾರಿಯಲ್ಲಿ ವಾಪಸು ಹೊರಗೆ. ಆಮೇಲೆ ತಾಟಿಗೆ ನೀರು ಹೊಯ್ದು, ಬೂದಿ ಕರಗಿದ ಆ ನೀರನ್ನು ಬಸುರಿಗೆ ಕುಡಿಸುವುದು. ಕೋಟೆ ಹೊಟ್ಟೆಗಿಳಿದರೆ ಕೂಸಿಗೆ ದಾರಿ ತಿಳಿಯುತ್ತದೆ ಎಂದು ನಂಬಿಕೆ.

“ಹೊಕ್ಕ ಬಟ್ಟ ಹೊರಗ ಬರಬೇಕ ನೋಡ,” ಹಾಲವ್ವ ತನ್ನ ಬೆರಳನ್ನೇ ಎತ್ತಿ ತೋರಿಸಿ ಹೇಳಿದ್ದಳು. “ನಡುವ ಬಿಟ್ಟು ತಾಟು ತೊಳದಿ ಅಂದ್ರ ಹಡಿಯಾಕಿ ಕ್ವಾಟಿಯಾಗ ಉಳೀತಾಳ.”

ಮೆಹಬೂಬಿ ಐದು ಹೊತ್ತು ನಮಾಜು ಮಾಡುವ ಹೆಂಗಸು. ಆದರೂ ತಾಟು ಹಿಡಿಯಲು ಅವಳಿಗೆ ಅಡ್ಡಿ ಕಾಣಲಿಲ್ಲ. ಬೇನೆ ತಿನ್ನುವವಳ ಮುಂದೆ ಯಾರ ಪದ್ಧತಿ ಯಾರದು ಅಂತ ಕೇಳುತ್ತ ಕೂರಲಾಗುತ್ತದೆಯೇ? ಅವಳ ಗಂಡ ಮೌಲಾಲಿ ಊರೂರು ತಿರುಗಿ ಪಾತ್ರೆಗಳಿಗೆ ಕಲಾಯಿ ಹಾಕುವವ. ಅವನೇ ಒಂದು ಹಳೆಯ ಕಂಚಿನ ತಾಟನ್ನು ಉಜ್ಜಿ ಮುಖ ಕಾಣುವಂತೆ ಮಾಡಿಕೊಟ್ಟಿದ್ದ. ಆ ತಾಟಿನ ಮೇಲೆ ನೂರಾ ನಲವತ್ತು ಕೂಸುಗಳು ಈ ಲೋಕಕ್ಕೆ ದಾರಿ ಕಂಡುಕೊಂಡಿದ್ದವು. ಒಬ್ಬ ತಾಯಿಯೂ ಸತ್ತಿರಲಿಲ್ಲ. ಇದನ್ನು ಮೆಹಬೂಬಿ ಹೋದಲ್ಲಿ ಬಂದಲ್ಲಿ ಹೇಳಿಕೊಳ್ಳುತ್ತಿದ್ದಳು, ಹೇಳಿಕೊಳ್ಳಬಾರದಿತ್ತು.

ತೊಂಬತ್ತನೇ ಇಸವಿಯ ವೈಶಾಖದಲ್ಲಿ ಬಸಗೊಂಡನ ಹೆಂಡತಿ ಚಂದ್ರಾಬಾಯಿಗೆ ಬೇನೆ ಬಂತು. ಬಸಗೊಂಡ ಕುರಿ ಹೊಡೆದುಕೊಂಡು ಮೇವಿದ್ದ ಕಡೆ ಹೋಗಿದ್ದ. ಊರ ಹೊರಗಿನ ಅವರ ವಸ್ತಿಯಲ್ಲಿ ಇದ್ದವಳು ಬಸಗೊಂಡನ ತಾಯಿ ಅಕ್ಕವ್ವ ಒಬ್ಬಳೇ. ಮುಂಜಾನೆ ಹೋದ ಮೆಹಬೂಬಿಗೆ ಮಧ್ಯಾಹ್ನದ ಹೊತ್ತಿಗೆ ಕೈ ಹೇಳಿತು, ಇದು ನನ್ನಿಂದ ಆಗುವ ಮಾತಲ್ಲ ಅಂತ. ಸೂಲಗಿತ್ತಿಯ ಕೈ ಸುಳ್ಳು ಹೇಳುವುದಿಲ್ಲ. ಬಾಯಿಗೆ ಮಾತ್ರ ಆ ನಿಯತ್ತಿಲ್ಲ.

“ಮೆಹಬೂಬಿ, ಉಮದಿಯಿಂದ ಜೀಪು ಕರಸೂಣೇನ?” ಅಕ್ಕವ್ವ ಕೇಳಿದಳು. ಸೈಕಲ್ಲಿನ ಮೇಲೆ ಪಕ್ಕದ ವಸ್ತಿಯ ಆಳನ್ನು ಕಳಿಸಿದರೆ ಒಂದು ತಾಸಿನಲ್ಲಿ ದವಾಖಾನೆಯ ಜೀಪು ಬರುತ್ತಿತ್ತು.

ಅದಕ್ಕೆ ಎಂಟೇ ದಿನದ ಹಿಂದೆ ಸರಕಾರದ ನರ್ಸಬಾಯಿ ಊರಿಗೆ ಬಂದು, ಸೂಲಗಿತ್ತಿಯರನ್ನು ನಂಬಬೇಡಿ ಎಂದು ಬಾವಿಕಟ್ಟೆಯ ಮೇಲೆ ನಿಂತು ಹೇಳಿ ಹೋಗಿದ್ದಳು. ಮೆಹಬೂಬಿ ಹತ್ತು ಹೆಂಗಸರ ಮುಂದೆ ಸೊಂಟಕ್ಕೆ ಕೈ ಇಟ್ಟು ಅವಳ ಬಾಯಿ ಮುಚ್ಚಿಸಿದ್ದಳು. ಈಗ ಜೀಪು ಕರೆಸಿದರೆ ಆ ಹತ್ತು ಹೆಂಗಸರೂ ನಗುವುದು ಅವಳ ಕಿವಿಗೆ ಆಗಲೇ ಕೇಳಿಸಿತು.

“ಜೀಪ್ ಯಾಕಬೇ? ತಾಟು ಐತಲ್ಲ,” ಅಂದಳು.

ಅಕ್ಕವ್ವ ಮತ್ತೆ ಕೇಳಲಿಲ್ಲ. ಸೊಸೆಯ ತಲೆಯನ್ನು ತೊಡೆಯ ಮೇಲಿಟ್ಟುಕೊಂಡು ಅವಳ ಮುಖವನ್ನೇ ನೋಡುತ್ತ ಕೂತಳು. ಮೆಹಬೂಬಿ ಕೋಟೆ ಬರೆದಳು. ಚಂದ್ರಾಬಾಯಿಯ ಬೆವೆತ ಬೆರಳನ್ನು ಹಿಡಿದು ಒಳಗೆ ನಡೆಸಿದಳು, ನಡು ಮುಟ್ಟಿಸಿದಳು, ಒಂದು ಗೆರೆಯೂ ಕೆಡದಂತೆ ಹೊರಗೆ ತಂದಳು. ತಾಟು ತೊಳೆದು ಕುಡಿಸಿದಳು. ಹಾಲವ್ವ ಇದ್ದಿದ್ದರೆ ಶಾಭಾಸ್ ಅನ್ನುತ್ತಿದ್ದಳು. ಎರಡು ತಾಸು ಹಿಡಿಯಿತು ಅದಕ್ಕೆ. ಮೂರು ಗಂಟೆಯ ಹೊತ್ತಿಗೆ ಹೆಣ್ಣು ಕೂಸು ಹೊರಬಿತ್ತು, ಅದರ ಹಿಂದೆಯೇ ರಕ್ತ. ಹಾಸಿದ ಕಂಬಳಿ ನೆನೆದು ನೆಲಕ್ಕಿಳಿಯಿತು. ಹೊತ್ತು ಮುಳುಗುವ ಮುಂಚೆಯೇ ಚಂದ್ರಾಬಾಯಿ ಸತ್ತಳು. ಹಸಿರು ಬಳೆಯ ಕೈ ತಾಟಿನ ಪಕ್ಕದಲ್ಲೇ ಬಿದ್ದಿತ್ತು.

ಕೂಸನ್ನು ಸೆರಗಿನಲ್ಲಿ ಸುತ್ತಿಕೊಂಡು ಅಕ್ಕವ್ವ ಕೇಳಿದಳು, “ಏನಾತು, ಮೆಹಬೂಬಿ?”

ಇದ್ದದ್ದು ಇದ್ದಹಾಗೆ ಹೇಳಿದ್ದರೆ ಏನಾಗುತ್ತಿತ್ತು? ಅಕ್ಕವ್ವ ಬಯ್ಯುತ್ತಿದ್ದಳು, ಬಸಗೊಂಡ ಬಂದು ಕೊಡಲಿ ಹಿಡಿಯುತ್ತಿದ್ದನೋ ಏನೋ, ಊರವರು ಮುಖ ತಿರುಗಿಸುತ್ತಿದ್ದರು. ಮೆಹಬೂಬಿಯ ಬಾಯಿಗೆ ಅದಕ್ಕಿಂತ ಹಗುರಾದ ಮಾತೊಂದು ಸಿಕ್ಕಿತು.

“ಬಟ್ಟ ನಡುವ ಉಳೀತು, ಅಕ್ಕವ್ವ. ಹೊರಗ ತರೂದ್ರಾಗ ಗಡಬಡಿಸಿ ತಾಟು ತೊಳದಬಿಟ್ಟೆ.”

ಸಣ್ಣ ತಪ್ಪೊಂದನ್ನು ಒಪ್ಪಿಕೊಂಡು ದೊಡ್ಡ ತಪ್ಪನ್ನು ಅದರಡಿ ಮುಚ್ಚಿಟ್ಟಳು. ಊರು ನಂಬಿತು. ಗಡಿಬಿಡಿಯಲ್ಲಿ ಕೈ ತಪ್ಪುವುದು ಯಾರಿಗಿಲ್ಲ? ಪಾಪ, ಅವಳೂ ಅಳುತ್ತಿದ್ದಳಲ್ಲ. ಚಂದ್ರಾಬಾಯಿ ಸತ್ತಳು ಎಂದು ಯಾರೂ ಬಾಯಿಬಿಟ್ಟು ಹೇಳಲಿಲ್ಲ. ಕೋಟೆಯಲ್ಲಿ ಸಿಕ್ಕಿಬಿದ್ದಳು ಅಂದರು. ಬಸಗೊಂಡ ಬಂದವನೂ ಹಾಗೇ ಅಂದುಕೊಂಡು ಒಂದು ತಿಂಗಳು ಇದ್ದು ಮತ್ತೆ ಕುರಿಗಳ ಹಿಂದೆ ಹೋದ.

ಮೂರನೇ ದಿನ ಮಧ್ಯಾಹ್ನ ಮೆಹಬೂಬಿ ಅಡ್ಡಾದಳು. ಕೋಟೆ ಕಂಡಿತು. ತನ್ನ ಬಾಯಿಂದಲೇ ಕಟ್ಟಿದ ಕೋಟೆ, ತಾನೇ ಒಳಗೆ ಕೂಡಿಹಾಕಿದ ಹೆಂಗಸು.

ಅಂದಿನಿಂದ ಅವಳು ತಾಟು ಮುಟ್ಟಲಿಲ್ಲ. ಯಾರ ಮನೆಗೆ ಹೋದರೂ ಬೇನೆ ಶುರುವಾದ ಕೂಡಲೇ ‘ಜೀಪು ಕರಸ್ರಿ, ಲಗೂನ ಕರಸ್ರಿ’ ಅಂತ ಬೊಬ್ಬೆ ಹೊಡೆಯುತ್ತಿದ್ದಳು. ಮೆಹಬೂಬಿ ಅಂಜುಬುರುಕಿ ಆದಳು ಎಂದು ಹೆಂಗಸರು ನಕ್ಕರು. ಅಂದು ಯಾವ ನಗೆಗೆ ಹೆದರಿದ್ದಳೋ ಅದೇ ನಗೆ. ಈಗ ಅದು ಅವಳಿಗೆ ತಾಗಲಿಲ್ಲ.

ತಾಯಿಯಿಲ್ಲದ ಕೂಸಿಗೆ ಸುಮನ ಅಂತ ಹೆಸರಿಟ್ಟರು. ಆಡಿನ ಹಾಲು ಕುಡಿದು, ಅಜ್ಜಿಯ ಕಂಬಳಿಯಲ್ಲಿ ಹೊರಳಿ ಬೆಳೆಯಿತು. ಏಳು ವರ್ಷದವಳಾದಾಗ ಒಂದು ದಿನ ಮಧ್ಯಾಹ್ನ ಬೇವಿನ ಗಿಡದ ಕೆಳಗೆ ಬಂದು ನಿಂತಳು. ಮೆಹಬೂಬಿ ಆಗಷ್ಟೇ ಎದ್ದು ಕೂತಿದ್ದಳು.

“ಆಯಿ, ನಮ್ಮವ್ವ ನಿನ್ನ ಕನಸಿನ್ಯಾಗ ಬರ್ತಾಳಂತ, ಖರೇ ಏನ?”

ಕನಸಿನ ಮಾತನ್ನು ಮೆಹಬೂಬಿ ಅಕ್ಕವ್ವ ಒಬ್ಬಳಿಗೇ ಹೇಳಿದ್ದಳು. ಅಜ್ಜಿಯ ಬಾಯಿಂದ ಮೊಮ್ಮಗಳ ಕಿವಿಗೆ ಎಷ್ಟು ದೂರ?

“ಖರೇ,” ಅಂದಳು.

“ಈಗ ಬಂದಿದ್ಲೇನ? ಏನಂದ್ಲು?”

ಹುಡುಗಿಯ ತಲೆ ಗಂಟುಗಂಟಾಗಿ ಕೊಳಕಾಗಿತ್ತು. ಮೂಗು ಸುರಿಯುತ್ತಿತ್ತು. ಮೆಹಬೂಬಿ ಸೆರಗಿನಿಂದ ಅದನ್ನು ಒರೆಸಿದಳು. “ತೆಲಿ ಬಾಚ್ಕೋ ಅಂತ ಹೇಳು ನನ್ನ ಮಗಳಿಗಿ, ಅಂದ್ಲು.”

ಮರುದಿನ ಹುಡುಗಿ ಎಣ್ಣೆ ಹಚ್ಚಿ, ಎರಡು ಜಡೆ ಹಾಕಿಸಿಕೊಂಡು ಬಂದಳು. “ಇವತ್ತೇನಂದ್ಲು?”

ಆಮೇಲೆ ಅದೊಂದು ರೂಢಿಯೇ ಆಯಿತು. ಸಾಲಿ ತಪ್ಪಿಸಬೇಡ ಅಂದಳು ಅವ್ವ. ಮುದುಕಿಗೆ ಎದುರಾಡಬೇಡ ಅಂದಳು. ಜ್ವರ ಬಂದಾಗ ಕಷಾಯ ಕುಡಿ ಅಂದಳು. ಬದುಕಿದ್ದಾಗ ಚಂದ್ರಾಬಾಯಿ ಹತ್ತು ಮಾತಿಗೆ ಒಂದು ಮಾತಾಡುವವಳು, ಸತ್ತ ಮೇಲೆ ದಿನಕ್ಕೊಂದು ಬುದ್ಧಿಮಾತು ಹೇಳತೊಡಗಿದಳು. ಅವ್ವ ಹೇಳಿದಳೆಂದು ಸುಮನ ಓದಿದಳು, ಉಂಡಳು, ನಾಲ್ಕು ಮಂದಿಯ ಮುಂದೆ ನಗುವುದನ್ನು ಕಲಿತಳು. ಸುಳ್ಳಿನ ಅನ್ನ ತಿಂದರೂ ಮೈ ಬೆಳೆಯುತ್ತದೆ ಎಂದು ಮೆಹಬೂಬಿ ಸಮಾಧಾನ ಮಾಡಿಕೊಂಡಳು.

ಒಂದು ಸಂಜೆ ಹಳ್ಳದ ಮರಳಲ್ಲಿ ಸುಮನ ಆಡುತ್ತಿದ್ದಳು. ಅಜ್ಜಿ ಒಮ್ಮೆ ತೋರಿಸಿದಂತೆ ಬೆರಳಿನಿಂದ ಏಳು ಸುತ್ತಿನ ಕೋಟೆ ಬರೆದು, ನಡುವೆ ಒಂದು ಕುರಿಹಿಕ್ಕೆ ಇಟ್ಟಿದ್ದಳು. ಒಂದು ಕಡ್ಡಿಯಿಂದ ಆ ಹಿಕ್ಕೆಯನ್ನು ತಳ್ಳುತ್ತ, ಸುತ್ತಿನಿಂದ ಸುತ್ತಿಗೆ ಹೊರಳಿಸುತ್ತ, ಬಾಗಿಲ ತನಕ ತಂದಳು. “ಬಂದ್ಲು! ನಮ್ಮವ್ವ ಬಂದ್ಲು!” ಅಂತ ಒಬ್ಬಳೇ ಚಪ್ಪಾಳೆ ತಟ್ಟಿದಳು. ಆಮೇಲೆ ಹಿಕ್ಕೆಯನ್ನು ಮತ್ತೆ ಎತ್ತಿ ನಡುವೆ ಇಟ್ಟು ಮೊದಲಿನಿಂದ ಶುರುಮಾಡಿದಳು. ನೀರಿಗೆ ಬಂದಿದ್ದ ಮೆಹಬೂಬಿ ಇದನ್ನು ನೋಡಿ ಖಾಲಿ ಕೊಡ ಹೊತ್ತೇ ಮನೆಗೆ ಹೋದಳು.

ಅಂದೇ ಹೇಳಿಬಿಡಬಹುದಿತ್ತು. ಹೇಳಲಿಲ್ಲ. ಭಯವೊಂದೇ ಕಾರಣವಾಗಿದ್ದರೆ ಹೇಳುತ್ತಿದ್ದಳೇನೋ. ಮೌಲಾಲಿ ತೀರಿಹೋಗಿದ್ದ, ಮಗ ಸಾಂಗಲಿಗೆ ಕೆಲಸಕ್ಕೆ ಹೋದವನು ಹಬ್ಬಕ್ಕೆ ಬರುತ್ತಿದ್ದ. ದಿನಾ ಮಧ್ಯಾಹ್ನ ಆ ಹುಡುಗಿ ಎರಡು ಜಡೆ ಕುಣಿಸುತ್ತ ಓಡಿ ಬರುವುದನ್ನು ನೋಡುವ ಆಸೆ ಮೆಹಬೂಬಿಗೆ ಹುಟ್ಟಿಬಿಟ್ಟಿತ್ತು. ತಾಯಿಯನ್ನು ಕೊಂದವಳು ಮಗಳ ಪ್ರೀತಿಗೆ ಬಾಯಿ ಬಿಡುತ್ತಿದ್ದಳು. ಇದು ಎಂಥ ನಾಚಿಕೆಗೇಡೆಂದು ಅವಳಿಗೆ ಗೊತ್ತಿತ್ತು, ಆದರೂ ಬಿಡಲಾಗಲಿಲ್ಲ.

ಹದಿನೆಂಟು ತುಂಬಿದ ಮೇಲೆ ಸುಮನಳನ್ನು ಸಂಖ ಊರಿನ ರಾಜಕುಮಾರ ಎಂಬ ಹುಡುಗನಿಗೆ ಕೊಟ್ಟರು. ಅವ್ವ ಒಪ್ಪಿದಳೇನು ಎಂದು ಕೇಳಿಯೇ ಅವಳು ಹೂಂ ಅಂದದ್ದು. ಮರುವರ್ಷ ಏಳು ತಿಂಗಳು ತುಂಬಿದಾಗ ಚೊಚ್ಚಲ ಬಾಣಂತನಕ್ಕೆ ಅಜ್ಜಿಯ ವಸ್ತಿಗೆ ಬಂದಳು. ಬಂದ ದಿನವೇ ಮೆಹಬೂಬಿಯ ಪಕ್ಕ ಕೂತು, ಕಿವಿಯ ಹತ್ತಿರ ಬಾಗಿ ಹೇಳಿದಳು.

“ಆಯಿ, ಈ ಸಲ ಅವ್ವನ್ನ ಕರಕೊಂಡ ಬರತೀನಿ.”

“ಎಲ್ಲಿಂದ?”

“ಕ್ವಾಟಿಯಿಂದ. ನನಗ ಬ್ಯಾನಿ ಬಂದಾಗ ನೀ ತಾಟು ಬರಿ. ನನ್ನ ಬಟ್ಟ ನಡುವ ಹೋಗತೈತಲ್ಲ, ಅಕಿ ಹಿಡ್ಕೋತಾಳ. ಇಬ್ರೂ ಕೂಡೇ ಹೊರಗ ಬರತೀವಿ.”

ಮೆಹಬೂಬಿ ನಕ್ಕಳು. ಬಸುರಿಯ ಹುಚ್ಚು ಬಯಕೆ ಅಂದುಕೊಂಡಳು. ಮಾವಿನಕಾಯಿ, ಕೆಮ್ಮಣ್ಣು ಕೇಳುವ ಹಾಗೆ ಇದನ್ನೂ ಕೇಳಿ ಮರೆಯುತ್ತಾಳೆ ಅಂದುಕೊಂಡಳು.

ಮೆಹಬೂಬಿಯ ಸೊಸೆ ಸಮೀನಾ ಈಗ ಊರಿನ ಆಶಾ ಕಾರ್ಯಕರ್ತೆ. ಕಾಲ ಹೇಗೆ ತಿರುಗಿತು ನೋಡಿ, ಅತ್ತೆ ಹಿಂದೆ ತಾಟು ಹಿಡಿದು ಹೋಗುತ್ತಿದ್ದ ಮನೆಗಳಿಗೇ ಸೊಸೆ ಮೊಬೈಲು ಹಿಡಿದು ಜೀಪು ಕರೆಸುತ್ತಿದ್ದಳು. ಎಂಟನೇ ತಿಂಗಳಲ್ಲಿ ಸುಮನಳನ್ನು ತಪಾಸಣೆಗೆ ಒಯ್ದಾಗ ಡಾಕ್ಟರು ಸಮೀನಾಗೆ ಎರಡೆರಡು ಸಲ ಹೇಳಿದ್ದರು. ಕೂಸು ಅಡ್ಡ ಮಲಗಿದೆ, ಬೇನೆ ಕಾಣಿಸಿದ ಗಳಿಗೆಯೇ ದವಾಖಾನೆಗೆ ತರಬೇಕು, ಕೊಯ್ದೇ ತೆಗೆಯಬೇಕು, ಮನೆಯಲ್ಲಿ ಇಟ್ಟುಕೊಂಡರೆ ಇಬ್ಬರೂ ಉಳಿಯುವುದಿಲ್ಲ ಅಂತ.

ಜ್ಯೇಷ್ಠದ ಒಂದು ಮುಂಜಾನೆ ಬೇನೆ ಬಂತು. ಒಂಬತ್ತರ ಹೊತ್ತಿಗೆ ಜೀಪು ವಸ್ತಿಯ ಮುಂದೆ ನಿಂತಿತ್ತು. ಹತ್ತಾದರೂ ಹೊರಡಲಿಲ್ಲ. ಸಮೀನಾ ಓಡುತ್ತ ಮನೆಗೆ ಬಂದಳು, ಚಪ್ಪಲಿಯಿಲ್ಲದ ಕಾಲು.

“ಅತ್ತಿ, ಅಕಿ ಕಂಬ ಹಿಡಕೊಂಡ ಕುಂತಾಳ್ರಿ, ಏಳವಲ್ಲಳು. ಮೆಹಬೂಬಾಯಿ ಬಂದು ತಾಟು ಹಿಡದ ಹೊರ್ತು ಎಲ್ಲಿಗೂ ಬರೂದಿಲ್ಲ ಅಂತಾಳ. ನೀವ ಹೇಳಬೇಕರಿ.”

ಅರವತ್ತೆಂಟು ವರ್ಷದ ಮೆಹಬೂಬಿ ಆ ದಾರಿಯನ್ನು ಹೇಗೆ ನಡೆದಳೋ. ವಸ್ತಿಯ ಒಳಗೆ, ನಡುಮನೆಯ ಕಂಬಕ್ಕೆ ಎಡಗೈ ಸುತ್ತಿಕೊಂಡು ಸುಮನ ಕೂತಿದ್ದಳು. ಮುಖವೆಲ್ಲ ಬೆವರು. ಅವಳ ಮುಂದೆ ಅಕ್ಕವ್ವನ ಮನೆಯ ಕಂಚಿನ ತಾಟು. ಅದರ ಮೇಲೆ ಬೂದಿಯಲ್ಲಿ ಏಳು ಸುತ್ತು, ಒಂದು ಗೆರೆಯೂ ಅಲುಗಿರಲಿಲ್ಲ. ಯಾರೂ ಬರೆದುಕೊಟ್ಟದ್ದಲ್ಲ. ಮರಳಲ್ಲಿ ಹನ್ನೆರಡು ವರ್ಷ ಬರೆದ ಕೈ ಅದು. ಅವಳ ಬೆರಳು ಆಗಲೇ ನಾಲ್ಕನೇ ಸುತ್ತಿನಲ್ಲಿತ್ತು. ಗೋಡೆಗೆ ಒರಗಿ ಅಕ್ಕವ್ವ ನಿಂತಿದ್ದಳು, ಅವಳಿಗೀಗ ಕಣ್ಣು ಮಂಜು.

“ಬಂದಿ ಏನ, ಆಯಿ?” ಸುಮನ ಕೇಳಿದಳು.

ಮೆಹಬೂಬಿ ಹೊಸ್ತಿಲಲ್ಲೇ ನಿಂತಳು. ಗೋಡೆಯಾಚೆಯಿಂದ ದಿನಾ ಕೇಳುತ್ತಿದ್ದ ಮಾತು ಅದು. ಸಾವರಿಸಿಕೊಂಡು ಹತ್ತಿರ ಕೂತಳು. ಮೊದಲು ನೆನಪಾದದ್ದು ಹಳೆಯ ಮದ್ದೇ.

“ಸುಮನಾ, ನಿನ್ನೆ ನಿಮ್ಮವ್ವ ಬಂದಿದ್ಲು. ನನ್ನ ಮಗಳ್ನ ದವಾಖಾನಿಗಿ ಕಳಸು, ತಾಟು ಬ್ಯಾಡ, ಅಂತ ಹೇಳ್ಯಾಳ.”

ಸುಮನ ತಲೆಯಲ್ಲಾಡಿಸಿದಳು. ಬೇನೆಯಲ್ಲೂ ಅವಳ ಮುಖದಲ್ಲಿ ನಗೆಯಿತ್ತು. “ಅಕಿ ಹಂಗ ಹೇಳೂದಿಲ್ಲ, ಆಯಿ. ನನ್ನ ಕೂಡ ಮಾತಾಡ್ಯಾಳ. ಎಂಟ ದಿನದಿಂದ ನನಗೂ ಕ್ವಾಟಿ ಕಾಣಾಕತ್ತೈತಿ. ನೀ ಏಳನೇ ಸುತ್ತಿನ ತನಕ ಹೋಗಿ ಹೊಳ್ಳತಿ. ನಾ ಆರು ದಾಟಿ, ಐದು ದಾಟಿ, ನಡುವಿನ ಬಾಗಲ ತನಕ ಹೋಗೀನಿ. ಅಕಿ ಕೈ ಚಾಚ್ಯಾಳ. ಬಟ್ಟ ಕೊಡು, ಅಂದ್ಲು.”

ಹೊರಗೆ ಜೀಪಿನವನು ಹಾರ್ನು ಹೊಡೆದ. ಸಮೀನಾ ಅತ್ತೆಯ ಮುಖ ನೋಡಿದಳು. ಮೆಹಬೂಬಿಯ ಕೈ ತಾನಾಗಿಯೇ ಸುಮನಳ ಹೊಟ್ಟೆಯ ಮೇಲೆ ಹೋಯಿತು. ಕೈ ಹೇಳಿತು, ಮೊದಲಿನಂತೆಯೇ ಸ್ಪಷ್ಟವಾಗಿ: ಕೂಸು ಅಡ್ಡ ಇದೆ, ಹೊತ್ತಿಲ್ಲ. ಮೆಹಬೂಬಿ ಸತ್ತವಳ ಬಾಯಿಂದ ಇಷ್ಟು ವರ್ಷ ತನ್ನ ಮಾತು ಆಡಿಸಿದ್ದಳು, ಈಗ ಸತ್ತವಳು ಅವಳ ಮಾತು ಮೀರಿ ತಾನೇ ಮಗಳನ್ನು ಕರೆಯುತ್ತಿದ್ದಳು. ಇನ್ನೊಂದು ಸುಳ್ಳಿಗೆ ಜಾಗವೇ ಉಳಿದಿರಲಿಲ್ಲ.

ಸುಮನಳ ಬೆರಳು ಏಳನೇ ಸುತ್ತಿಗೆ ಬಂತು. ಆರಕ್ಕೆ ಹೋಯಿತು. ಒಂದು ಬೇನೆ ಬಂದು ಅವಳು ಹಲ್ಲು ಕಚ್ಚಿದಳು, ಬೆರಳು ಮಾತ್ರ ಎತ್ತಲಿಲ್ಲ.

“ಕ್ವಾಟಿ ಇಲ್ಲ,” ಅಂದಳು ಮೆಹಬೂಬಿ.

“ಆಂ?”

“ಕ್ವಾಟಿ ಇಲ್ಲ, ಸುಮನಾ. ನಾ ಕಟ್ಟಿದ್ದು. ನಿಮ್ಮವ್ವನ ಬಟ್ಟ ನಡುವ ಉಳೀಲಿಲ್ಲ. ನಾನ ಹಿಡದು ಹೊರಗ ತಂದಿದ್ದೆ. ಎಲ್ಲಾ ಬರೋಬ್ಬರಿ ಮಾಡಿದ್ದೆ, ಹಾಲವ್ವ ಹೇಳಿಕೊಟ್ಟಂಗ. ಆದ್ರೂ ಸತ್ಲು. ರಗತ ಹೋಗಿ ಸತ್ಲು. ಜೀಪು ಕರಸೂಣೇನ ಅಂತ ನಿಮ್ಮಜ್ಜಿ ಕೇಳಿದ್ಲು. ಬ್ಯಾಡ ಅಂದಾಕಿ ನಾನ. ಮಂದಿ ನಗತಾರ ಅಂತ ಬ್ಯಾಡ ಅಂದೆ. ಕರಸಿದ್ರ ಬದಕತಿದ್ಲು.”

ಸುಮನಳ ಬೆರಳು ಐದನೇ ಸುತ್ತನ್ನು ದಾಟಿ ನಡುವಿನಲ್ಲಿ ನಿಂತಿತು. ಅವಳು ಮೆಹಬೂಬಿಯ ಮುಖವನ್ನೇ ನೋಡುತ್ತಿದ್ದಳು, ಯಾರೋ ಗುರುತಿಲ್ಲದವರನ್ನು ನೋಡುವ ಹಾಗೆ.

“ತೆಲಿ ಬಾಚ್ಕೋ ಅಂದದ್ದು?”

“ನಾ ಅಂದದ್ದು.”

“ಸಾಲಿಗಿ ಹೋಗು ಅಂದದ್ದು?”

“ನಾನ.”

“ಲಗ್ನಕ್ಕ ಹೂಂ ಅಂದದ್ದು?”

“ಅದೂ ನಾನ.”

ಸುಮನ ಬಯ್ಯಲಿಲ್ಲ, ಅಳಲಿಲ್ಲ. ಬಯ್ದಿದ್ದರೆ ಮೆಹಬೂಬಿ ಪುಣ್ಯ ಅಂದುಕೊಳ್ಳುತ್ತಿದ್ದಳು. ಸಣ್ಣ ಹುಡುಗಿಯ ದನಿಯಲ್ಲಿ, ಬೇವಿನ ಗಿಡದ ಕೆಳಗೆ ನಿಂತು ಕೇಳುತ್ತಿದ್ದ ಅದೇ ದನಿಯಲ್ಲಿ, ಒಂದೇ ಮಾತು ಕೇಳಿದಳು.

“ಹಂಗಾದ್ರ ನಮ್ಮವ್ವ ಎಲ್ಲದಾಳ?”

“ಮಣ್ಣಾಗ,” ಅಂದಳು ಮೆಹಬೂಬಿ. “ಬನ್ನಿ ಗಿಡದ ಹಿಂದ. ಕುರಿ ಮೇಯತಾವಲ್ಲ, ಅಲ್ಲಿ.”

ಸುಮನ ಬೆರಳನ್ನು ತಾಟಿನ ನಡುವಿನಿಂದ ನೇರ ಮೇಲೆತ್ತಿದಳು. ಹೊರಗೆ ತರುವ ಗೋಜಿಗೆ ಹೋಗಲಿಲ್ಲ. ಬೂದಿಯನ್ನು ಸೆರಗಿಗೆ ಒರೆಸಿಕೊಂಡಳು. ಕಂಬ ಬಿಟ್ಟಳು. ಸಮೀನಾ ಒಂದು ಕಡೆ, ಅಕ್ಕವ್ವ ಒಂದು ಕಡೆ ಹಿಡಿದರು. ಬಾಗಿಲು ದಾಟುವಾಗ ಮೆಹಬೂಬಿ ರೆಟ್ಟೆ ಹಿಡಿಯಲು ಕೈ ಚಾಚಿದಳು. ಸುಮನ ಮೈ ಸರಿಸಿಕೊಂಡು ಜೀಪು ಹತ್ತಿದಳು.

ಜೀಪಿನ ಧೂಳು ಅಡಗಿದ ಮೇಲೆ ಮೆಹಬೂಬಿ ಒಳಗೆ ಬಂದು ತಾಟಿನ ಮುಂದೆ ಕೂತಳು. ನಡುವಿನಲ್ಲಿ ಸುಮನಳ ಬೆರಳಿನ ಗುರುತು, ಅವರೆಕಾಳಿನಷ್ಟು. ಹೊರಬರುವ ಗೆರೆ ಇರಲಿಲ್ಲ. ಕೋಟೆ ಸುಳ್ಳೆಂದು ಈ ಲೋಕದಲ್ಲಿ ಎಲ್ಲರಿಗಿಂತ ಚೆನ್ನಾಗಿ ಗೊತ್ತಿದ್ದವಳು ಅವಳೇ. ಆದರೂ ಅವಳು ಆ ಗುರುತಿನ ಮೇಲೆ ತನ್ನ ಬೆರಳಿಟ್ಟಳು. ಐದನೇ ಸುತ್ತಿಗೆ ತಂದಳು, ಆರಕ್ಕೆ, ಏಳಕ್ಕೆ. ಗೆರೆ ಕೆಡದಂತೆ, ಒಂದೊಂದೇ ಸುತ್ತು ಹೊರಕ್ಕೆ ನಡೆದಳು. ಅಲ್ಲಾಹನ ಹೆಸರು ಹೇಳಿದಳು. ಹಾಲವ್ವನನ್ನು ನೆನೆದಳು. ಬಾಗಿಲು ಮುಟ್ಟಿದ ಮೇಲೂ ಸಮಾಧಾನವಾಗದೆ ಮತ್ತೆ ನಡುವಿನಿಂದ ಶುರುಮಾಡಿದಳು. ಬಿಸಿಲು ಹೊಸ್ತಿಲು ದಾಟಿ ಒಳಗೆ ಬಂದು, ಗೋಡೆ ಹತ್ತಿ, ಹೊರಟುಹೋಯಿತು. ಎಷ್ಟು ಸಲ ಹೊರಗೆ ತಂದಳೋ ಲೆಕ್ಕವಿಲ್ಲ.

ನಾಲ್ಕರ ಹೊತ್ತಿಗೆ ಪಕ್ಕದ ವಸ್ತಿಯವರು ಬಂದು ಹೇಳಿದರು. ಸಮೀನಾ ಅವರ ಮೊಬೈಲಿಗೆ ಫೋನು ಮಾಡಿದ್ದಳು. ಕೊಯ್ದು ತೆಗೆದರಂತೆ, ಹೆಣ್ಣು ಕೂಸು, ತಾಯಿ ಮಗಳು ಇಬ್ಬರೂ ಆರಾಮ. ಮೆಹಬೂಬಿ ಎದ್ದು, ತಾಟನ್ನು ಬಚ್ಚಲಿಗೆ ಒಯ್ದು ತೊಳೆದು, ಬೋರಲು ಹಾಕಿದಳು.

ಹನ್ನೊಂದನೇ ದಿನ ಅಕ್ಕವ್ವ ಕೋಲೂರಿಕೊಂಡು ಬೇವಿನ ಗಿಡದ ಕೆಳಗೆ ಬಂದಳು. ಚಾಪೆಯ ಅಂಚಿಗೆ ಕೂತಳು.

“ಮನಿಗಿ ಬಂದಾಳೇನ?” ಮೆಹಬೂಬಿ ಕೇಳಿದಳು.

“ಇಲ್ಲ. ಗಂಡನ ಮನಿಗೇ ಹೋದ್ಲು. ಬಾಣಂತನ ಅಲ್ಲೇ ಮಾಡ್ಕೋತಾಳಂತ.” ಅ‌ಕ್ಕವ್ವ ಕೋಲಿನಿಂದ ಮಣ್ಣು ಕೆದಕಿದಳು. “ಮೆಹಬೂಬಾಯಿ ನನ್ನ ಕೂಸಿನ ಮಾರಿ ನೋಡಬಾರದು ಅಂತ ಹೇಳ್ಯಾಳ. ನಾನೂ ಬರಬಾರದಂತ.”

“ನೀ ಯಾಕ? ನೀ ಏನ ಮಾಡಿದಿ?”

“ಅದನ್ನ ಅಕಿನೂ ಕೇಳಿದ್ಲು. ಅಜ್ಜೀ, ನೀ ಜೀಪು ಅಂತ ಎಷ್ಟ ಸಲ ಅಂದಿ ಅಂತ.” ಅಕ್ಕವ್ವನ ಮಂಜುಗಣ್ಣಿನಿಂದ ನೀರಿಳಿಯಿತು. “ಒಂದ ಸಲ ಅಂದೆ, ಮೆಹಬೂಬಿ. ಎರಡನೇ ಸಲ ಅನ್ನಲಿಲ್ಲ. ನೀ ಕ್ವಾಟಿ ಅಂದಾಗ ನನಗೂ ಹಗರ ಆಗಿತ್ತು.”

ಅಕ್ಕವ್ವ ಹೋದ ಮೇಲೆ ಮೆಹಬೂಬಿ ಚಾಪೆಯ ಮೇಲೆ ಅಡ್ಡಾದಳು. ಕೋಟೆ ಹೇಳಿದ ಹೊತ್ತಿಗೆ ಬಂತು. ಅದೇ ಗೋಡೆ, ಅದೇ ಬಿಸಿಲು. ಏಳನೇ ಸುತ್ತಿನಲ್ಲಿ ಗೋಡೆಗೆ ಕಿವಿ ಹಚ್ಚಿದಳು. ಬಳೆ ಸದ್ದಿರಲಿಲ್ಲ. ತಿರುವಿನಲ್ಲಿ ಎಚ್ಚರವಾಗಲಿಲ್ಲ. ಓಣಿ ಅವಳನ್ನು ಆರಕ್ಕೆ ಒಯ್ದಿತು, ಐದಕ್ಕೆ ಒಯ್ದಿತು, ಹತ್ತೊಂಬತ್ತು ವರ್ಷ ಕಾಡಿಸಿದ ನಡುವಿನ ಬಾಗಿಲನ್ನು ಯಾವ ಅಡ್ಡಿಯೂ ಇಲ್ಲದೆ ದಾಟಿಸಿತು. ಒಳಗೆ ಒಬ್ಬರು ಕಾಲು ಮಡಚಿ ಕೂರುವಷ್ಟು ಜಾಗ. ಬರೀ ಬೂದಿ ನೆಲ. ಯಾರೂ ಕೂತ ಗುರುತಿಲ್ಲ, ಹೆಜ್ಜೆಯಿಲ್ಲ, ಒಡೆದ ಬಳೆಯ ಒಂದು ಚೂರಿಲ್ಲ. ಇಲ್ಲಿ ಯಾರೂ ಎಂದೂ ಇರಲಿಲ್ಲ.

ಆಮೇಲೆ ಅವಳು ನಾಲ್ಕು ವರ್ಷ ಬದುಕಿದ್ದಳು. ದಿನಾ ಮಧ್ಯಾಹ್ನ ಎದ್ದು ಕೂತು, ನೀರು ಕುಡಿದು, ವಸ್ತಿಯ ಕಡೆಯ ದಾರಿ ನೋಡುತ್ತಿದ್ದಳು. ಏನಂದ್ಲು ಅಂತ ಕೇಳಲು ಯಾರೂ ಬರುತ್ತಿರಲಿಲ್ಲ. ಕನಸಿನಲ್ಲಿ ಮಾತ್ರ, ಆ ಖಾಲಿ ನಡುವಿನಲ್ಲಿ ನಿಂತು, ಅವಳೇ ಕೇಳುತ್ತಿದ್ದಳು, ಆ ಹುಡುಗಿ ಕೇಳಿದ್ದನ್ನೇ: ಹಂಗಾದ್ರ ಅಕಿ ಎಲ್ಲದಾಳ?